ತಾನೇ ಬರೆದುದು: ಅಮೇರಿಕಾದ ಕಪ್ಪು ಜನಾಂಗದ ಸ್ತ್ರೀಯರ ಬರಹ, ಬಾಳುವೆ ಮತ್ತು ವಿದ್ವತ್ತು

(ಮಹೋತ್ಸವದ ಮಹಿಳಾ ಗೋಷ್ಠಿಯಲ್ಲಿ ಮಾಡಲಾದ ಉಪನ್ಯಾಸ)

 

ಲೋಕದಲ್ಲಿ ಮಾತು ಎರಡು ಬಗೆಯಾಗಿ ನಂಬಿಕೆಯನ್ನು ಪಡೆಯುವುದು. ಕೆಲವು ಮಾತುಗಳು ಆಡಿದವನ ಹೆಸರಿನ ಬಲದಿಂದಲೇ ನಡೆಯುವವು. ಮತ್ತೆ ಕೆಲವಕ್ಕೆ ಬೇರೊಬ್ಬನ ಜಾಮೀನು ಬೇಕಾಗುವುದು. ಸಾಹುಕಾರನ ಚೀಟಿಗೆ ಸಾಕ್ಷಿಯನ್ನು ಕೇಳುವವರು ವಿರಳ. ಬಡವನ ಚೀಟಿಗೆ ಇಬ್ಬರ ರುಜುವಾದರೂ ಬೇಕು. ಹಣದ ವ್ಯವಹಾರದಲ್ಲಿ ಇದನ್ನು ಲೋಕರೂಢಿಯೆಂದು ಸಹಿಸಿಕೊಳ್ಳಬಹುದು. ಆದರೆ ಒಬ್ಬಳು ತನ್ನ ದುಃಖವನ್ನು ತಾನೇ ಹೇಳಿಕೊಂಡಾಗಲೂ, ತನ್ನ ಕವಿತೆಯನ್ನು ತಾನೇ ರಚಿಸಿದಾಗಲೂ, ಇದು ನಿನ್ನದೆಂಬುದಕ್ಕೆ ಸಾಕ್ಷಿಯೆಲ್ಲಿ ಎಂದು ಕೇಳುವ ಲೋಕವಿದ್ದರೆ ಅವಳ ಗತಿಯೇನು? ಅಮೇರಿಕಾ ಸಂಯುಕ್ತ ಸಂಸ್ಥಾನಗಳ ಕಪ್ಪು ಜನಾಂಗದ ಸ್ತ್ರೀಯರ ಬರಹದ ಇತಿಹಾಸವು ಬಹುಮಟ್ಟಿಗೆ ಈ ಒಂದು ಪ್ರಶ್ನೆಯ ಇತಿಹಾಸವಾಗಿರುವುದು. ಈ ಹೊತ್ತಿನ ಉಪನ್ಯಾಸದ ವಿಷಯವೂ ಅದೇ.

ಈ ಸ್ತ್ರೀಯರ ಪೂರ್ವಿಕರು ಆಫ್ರಿಕಾ ಖಂಡದಿಂದ ಹಡಗುಗಳಲ್ಲಿ ತುಂಬಿ ತರಲ್ಪಟ್ಟವರು. ಸಂತೆಯಲ್ಲಿ ಎತ್ತು ಕುದುರೆಗಳನ್ನು ಮಾರುವಂತೆ ಅವರನ್ನು ಮಾರುತ್ತಿದ್ದರು. ದಾಸ್ಯವು ಪುರುಷನಿಗೂ ಸ್ತ್ರೀಗೂ ಸಮಾನವಾದ ಕಷ್ಟವೇ ಆಗಿದ್ದರೂ, ಸ್ತ್ರೀಯ ಪಾಲಿಗೆ ಅದರಲ್ಲಿ ಇನ್ನೊಂದು ಹೆಚ್ಚಿನ ಕ್ರೌರ್ಯವು ಕೂಡಿಕೊಂಡಿತ್ತು. ಮಗುವಿನ ಸ್ಥಿತಿಯು ತಾಯಿಯ ಸ್ಥಿತಿಯನ್ನು ಅನುಸರಿಸತಕ್ಕದ್ದೆಂದು 1662 ರಲ್ಲಿಯೇ ವರ್ಜೀನಿಯಾ ವಸಾಹತಿನವರು ಕಟ್ಟಳೆ ಮಾಡಿದರು. ತಂದೆಯು ಯಾರೇ ಆಗಿರಲಿ, ದಾಸಿಯ ಹೊಟ್ಟೆಯಲ್ಲಿ ಹುಟ್ಟಿದ ಶಿಶುವು ಹುಟ್ಟುವಾಗಲೇ ಒಡೆಯನ ಸೊತ್ತು. ಹೀಗೆ ಮಾತೃತ್ವವೇ ಸಂಕೋಲೆಯಾಯಿತು. ಅದಲ್ಲದೆ ದಕ್ಷಿಣದ ಅನೇಕ ಸಂಸ್ಥಾನಗಳಲ್ಲಿ ದಾಸರಿಗೆ ಅಕ್ಷರ ಕಲಿಸುವುದೇ ಅಪರಾಧವಾಗಿತ್ತು. ಸಂವಿಧಾನದ ಹದಿಮೂರನೆಯ ತಿದ್ದುಪಡಿಯಿಂದ ದಾಸ್ಯಪದ್ಧತಿಯು ಕೊನೆಗೊಂಡುದು 1865 ರಲ್ಲಿ. ಅಲ್ಲಿಯವರೆಗೆ ಲೇಖನಿಯನ್ನು ಹಿಡಿದ ಒಬ್ಬೊಬ್ಬಳ ಕೈಯೂ ಕಾಯಿದೆಯ ವಿರುದ್ಧವಾಗಿಯೋ ಲೋಕದ ನಂಬಿಕೆಯ ವಿರುದ್ಧವಾಗಿಯೋ ಹಿಡಿದ ಕೈಯೇ ಸರಿ.

ಇವರಲ್ಲಿ ಮೊದಲಿಗೆ ನೆನೆಯಬೇಕಾದವಳು ಫಿಲಿಸ್ ವೀಟ್ಲಿ. 1761 ರಲ್ಲಿ ಬೋಸ್ಟನ್ ನಗರದ ಬಂದರಿಗೆ ಒಂದು ಹಡಗು ಬಂದಿತು. ಅದರಲ್ಲಿ ಒಬ್ಬ ಬಡಕಲು ಹುಡುಗಿಯಿದ್ದಳು. ಅವಳ ಮುಂದಿನ ಹಾಲುಹಲ್ಲುಗಳು ಬಿದ್ದಿದ್ದುದರಿಂದ ವಯಸ್ಸು ಏಳೆಂಟು ಇರಬಹುದೆಂದು ಕೊಂಡವರು ಲೆಕ್ಕ ಹಾಕಿದರು. ಹಡಗಿನ ಹೆಸರು ಫಿಲಿಸ್. ಕೊಂಡ ಮನೆತನದ ಹೆಸರು ವೀಟ್ಲಿ. ಎರಡನ್ನೂ ಕೂಡಿಸಿ ಅವಳಿಗೆ ಹೆಸರಿಟ್ಟರು. ಹೆತ್ತ ತಾಯಿ ಇಟ್ಟ ಹೆಸರು ಸಮುದ್ರದ ಆಚೆಯಲ್ಲಿಯೇ ಉಳಿಯಿತು. ಆ ಮನೆಯವರು ಅವಳಿಗೆ ಓದು ಕಲಿಸಿದರು. ಒಂದೂವರೆ ವರುಷದೊಳಗಾಗಿ ಅವಳು ಇಂಗ್ಲಿಷ್ ಬೈಬಲ್ಲಿನ ಕಠಿಣ ಭಾಗಗಳನ್ನು ಓದಬಲ್ಲವಳಾದಳೆಂದು ಅವಳ ಒಡೆಯನೇ ಬರೆದಿಟ್ಟಿರುವನು. ಮುಂದೆ ಲ್ಯಾಟಿನ್ ಭಾಷೆಯನ್ನೂ ಅಭ್ಯಾಸ ಮಾಡಿ, ಕವಿತೆಗಳನ್ನು ರಚಿಸತೊಡಗಿದಳು.

ಆದರೆ ಗ್ರಂಥವನ್ನು ಅಚ್ಚು ಹಾಕಿಸುವ ಮಾತು ಬಂದಾಗ ತೊಡಕು ಎದ್ದಿತು. ದಾಸಿಯಾದ ಕಪ್ಪು ಹುಡುಗಿಯು ಇಂತಹ ಪದ್ಯಗಳನ್ನು ಬರೆದಳೆಂದರೆ ನಂಬುವವರಾರು? ಅದಕ್ಕಾಗಿ ಬೋಸ್ಟನ್ನಿನ ಹದಿನೆಂಟು ಮಂದಿ ಗಣ್ಯ ಪುರುಷರು, ಇವು ಈ ಹುಡುಗಿಯವೇ ಎಂದು ಒಂದು ಪ್ರಮಾಣಪತ್ರಕ್ಕೆ ರುಜು ಹಾಕಿದರು. ಅವರಲ್ಲಿ ಪ್ರಾಂತದ ಗವರ್ನರನಾದ ಥಾಮಸ್ ಹಚಿನ್ಸನ್ನನೂ, ಸ್ವಾತಂತ್ರ್ಯ ಸಂಗ್ರಾಮದ ಮುಖಂಡನಾದ ಜಾನ್ ಹ್ಯಾನ್‌ಕಾಕನೂ ಇದ್ದರು. ಇಷ್ಟಾದರೂ ಅಮೇರಿಕಾದಲ್ಲಿ ಗ್ರಂಥವು ಅಚ್ಚಾಗಲಿಲ್ಲ; 1773 ರಲ್ಲಿ ಲಂಡನ್ನಿನಲ್ಲಿ ಪ್ರಕಟವಾಯಿತು. ಕಪ್ಪು ಸ್ತ್ರೀಯೊಬ್ಬಳು ಇಂಗ್ಲಿಷಿನಲ್ಲಿ ಪ್ರಕಟಿಸಿದ ಮೊದಲನೆಯ ಕವಿತಾಗ್ರಂಥವಿದು. ಅದರ ಮುಂಭಾಗದಲ್ಲಿ ಅವಳು ಲೇಖನಿ ಹಿಡಿದು ಮೇಜಿನ ಮುಂದೆ ಕುಳಿತಿರುವ ಚಿತ್ರವಿದೆ. ಚಿತ್ರವೂ ಸಾಕ್ಷಿ, ರುಜುಗಳೂ ಸಾಕ್ಷಿ! ಆದರೂ ಮುಂದೆ ರಾಷ್ಟ್ರಾಧ್ಯಕ್ಷನಾದ ಥಾಮಸ್ ಜೆಫರ್ಸನ್ನನು ತನ್ನ ಗ್ರಂಥವೊಂದರಲ್ಲಿ ಅವಳ ಕವಿತೆಗಳನ್ನು ವಿಮರ್ಶೆಗೂ ಯೋಗ್ಯವಲ್ಲವೆಂದು ತಳ್ಳಿಹಾಕಿದನು. ಇದರಿಂದ ತಿಳಿದುಬರುವುದೇನೆಂದರೆ, ಕೇಳುವವನಿಗೆ ನಂಬುವ ಮನಸ್ಸಿಲ್ಲದಿದ್ದರೆ ಹದಿನೆಂಟು ರುಜುಗಳೂ ಸಾಲವು.

ಗ್ರಂಥವು ಪ್ರಕಟವಾದ ಕಾಲಕ್ಕೆ ಅವಳಿಗೆ ಬಿಡುಗಡೆ ದೊರೆಯಿತು. ಆದರೆ ಬಿಡುಗಡೆಯ ಸಂಗಡ ಅನ್ನವು ದೊರೆಯಲಿಲ್ಲ. 1779 ರಲ್ಲಿ ಎರಡನೆಯ ಗ್ರಂಥಕ್ಕಾಗಿ ಚಂದಾದಾರರನ್ನು ಬೇಡಿದಳು. ಸಾಕಷ್ಟು ಮಂದಿ ದೊರೆಯಲಿಲ್ಲ. 1784 ರಲ್ಲಿ, ಸುಮಾರು ಮೂವತ್ತೊಂದನೆಯ ವಯಸ್ಸಿನಲ್ಲಿ, ಬಡತನದಲ್ಲಿಯೇ ತೀರಿಕೊಂಡಳು. ಆ ಎರಡನೆಯ ಹಸ್ತಪ್ರತಿಯು ಇಂದಿಗೂ ಸಿಕ್ಕಿಲ್ಲ.

ಇನ್ನು ಎರಡನೆಯವಳಾದ ಹ್ಯಾರಿಯೆಟ್ ಜೇಕಬ್ಸಳ ಚರಿತ್ರೆಯನ್ನು ತುಸು ವಿಸ್ತಾರವಾಗಿ ನೋಡಬೇಕು. ಏಕೆಂದರೆ ಈ ಉಪನ್ಯಾಸದ ತಿರುಳು ಅವಳಲ್ಲಿದೆ. ಈಕೆಯು 1813 ರಲ್ಲಿ ಉತ್ತರ ಕ್ಯಾರೊಲೈನಾದ ಈಡನ್‌ಟನ್ ಎಂಬ ಊರಿನಲ್ಲಿ ದಾಸಿಯಾಗಿ ಹುಟ್ಟಿದಳು. ಆರನೆಯ ವಯಸ್ಸಿನಲ್ಲಿ ತಾಯಿ ತೀರಿಹೋದಳು. ಮೊದಲಿನ ಒಡತಿಯು ಅವಳಿಗೆ ಓದನ್ನೂ ಹೊಲಿಗೆಯನ್ನೂ ಕಲಿಸಿದಳು. ಆ ಒಡತಿಯು ತೀರಿಕೊಂಡಾಗ ತನಗೆ ಬಿಡುಗಡೆಯಾದೀತೆಂದು ಹುಡುಗಿಯು ಆಶಿಸಿದ್ದಳು. ಆದರೆ ಮರಣಶಾಸನವನ್ನು ತೆರೆದು ನೋಡಿದಾಗ, ಅವಳನ್ನು ಒಡತಿಯ ಸೊಸೆಯಾಗಬೇಕಾದ ಮೂರು ವರುಷದ ಕೂಸಿಗೆ, ಎಂದರೆ ಸೋದರಿಯ ಮಗಳಿಗೆ, ಆಸ್ತಿಯಾಗಿ ಬರೆದುಕೊಟ್ಟಿತ್ತು. ಅಕ್ಷರವನ್ನು ಕೊಟ್ಟ ಕೈಯೇ ಸ್ವಾತಂತ್ರ್ಯವನ್ನು ಕೊಡಲಿಲ್ಲ.

ಆ ಕೂಸಿನ ತಂದೆಯು ಜೇಮ್ಸ್ ನಾರ್ಕಮ್ ಎಂಬ ವೈದ್ಯನು. ಹುಡುಗಿಗೆ ಹದಿನೈದು ವರುಷ ತುಂಬುವುದರೊಳಗಾಗಿ ಅವನು ದುರುದ್ದೇಶದಿಂದ ಅವಳನ್ನು ಕಾಡತೊಡಗಿದನು. ಕಾಯಿದೆಯು ಅವನ ಕಡೆಗಿತ್ತು. ದೂರು ಕೊಡಲು ಅವಳಿಗೆ ನ್ಯಾಯಸ್ಥಾನವಿರಲಿಲ್ಲ. ಅವನಿಂದ ಪಾರಾಗುವುದಕ್ಕೆ ಅವಳು ಊರಿನ ಬೇರೊಬ್ಬ ಬಿಳಿಯ ವಕೀಲನ ಆಶ್ರಯವನ್ನು ಹಿಡಿದಳು. ಅವನಿಂದ ಇಬ್ಬರು ಮಕ್ಕಳಾದರು. ಈ ಸಂಗತಿಯನ್ನು ಅವಳು ಮುಂದೆ ತನ್ನ ಗ್ರಂಥದಲ್ಲಿ ಮರೆಮಾಚಲಿಲ್ಲ. ನಾಚಿಕೆಯಿಂದಲೇ ಆದರೂ ಬರೆದಳು. ಬರೆದುದಲ್ಲದೆ, ಮನೆಮಾರು, ತಂದೆತಾಯಿ, ಕಾಯಿದೆಯ ರಕ್ಷಣೆ ಇವೆಲ್ಲವೂ ಇದ್ದ ಸ್ತ್ರೀಯರನ್ನು ಅಳೆಯುವ ಅಳತೆಗೋಲಿನಿಂದ ಇವೊಂದೂ ಇಲ್ಲದ ದಾಸಿಯನ್ನು ಅಳೆಯುವುದು ನ್ಯಾಯವಲ್ಲವೆಂದು ವಾದಿಸಿದಳು. ಕುಲೀನರಾದ ಓದುಗರ ಮುಂದೆ ಈ ಮಾತನ್ನಾಡುವುದಕ್ಕೆ ಎಷ್ಟು ಧೈರ್ಯ ಬೇಕೆಂಬುದನ್ನು ಇಲ್ಲಿ ನೆರೆದ ತಾಯಂದಿರು ಚೆನ್ನಾಗಿ ಬಲ್ಲರು.

1835 ರಲ್ಲಿ ಅವಳು ಒಡೆಯನ ಮನೆಯಿಂದ ಮರೆಯಾದಳು. ಹಿಡಿದುಕೊಟ್ಟವರಿಗೆ 100 ಡಾಲರು ಇನಾಮು ಕೊಡುವುದಾಗಿ ಆ ವೈದ್ಯನು ಪತ್ರಿಕೆಯಲ್ಲಿ ಪ್ರಕಟಿಸಿದನು. ಅವಳು ಬಹುದೂರ ಹೋಗಿರಬಹುದೆಂದು ಅವನ ಊಹೆ. ಅವಳಾದರೋ ಅದೇ ಊರಿನಲ್ಲಿ, ಸ್ವತಂತ್ರಳಾಗಿದ್ದ ತನ್ನ ಅಜ್ಜಿಯ ಮನೆಯ ಮಾಡಿನ ಕೆಳಗಣ ಒಂದು ಅಟ್ಟದಲ್ಲಿ ಅಡಗಿದ್ದಳು. ಅದರ ಉದ್ದ ಒಂಬತ್ತು ಅಡಿ, ಅಗಲ ಏಳು ಅಡಿ. ಎತ್ತರವು ಅತ್ಯಂತ ಎತ್ತರದ ಕಡೆಯಲ್ಲಿ ಮೂರೇ ಅಡಿ. ನಿಲ್ಲುವುದಕ್ಕೆ ಬಾರದು; ಗಾಳಿ ಬೆಳಕುಗಳಿಲ್ಲ; ಬೇಸಿಗೆಯಲ್ಲಿ ಬೆಂಕಿಯಂತಹ ಸೆಕೆ, ಮಳೆಗಾಲದಲ್ಲಿ ಸೋರುವ ಮಾಡು, ಇಲಿ ಹುಳುಗಳ ಕಾಟ. ಅಲ್ಲಿ ಅವಳು ಕಳೆದುದು ಏಳು ದಿನಗಳಲ್ಲ, ಏಳು ತಿಂಗಳಲ್ಲ. ಹತ್ತಿರ ಹತ್ತಿರ ಏಳು ವರುಷಗಳು. ಒಂದು ಸಣ್ಣ ಬೈರಿಗೆಯು ಕೈಗೆ ಸಿಕ್ಕಿತೆಂದು ಹಲಗೆಯಲ್ಲಿ ರಂಧ್ರಗಳನ್ನು ಕೊರೆದಳು. ಆ ರಂಧ್ರಗಳಿಂದ ಕೆಳಗೆ ಆಡುತ್ತಿದ್ದ ತನ್ನ ಮಕ್ಕಳನ್ನು ನೋಡುತ್ತಿದ್ದಳು. ಅವರ ಮಾತನ್ನು ಕೇಳುತ್ತಿದ್ದಳು. ಆದರೆ ತಾನಿಲ್ಲಿರುವೆನೆಂದು ಕೂಗಿ ಕರೆಯುವಂತಿರಲಿಲ್ಲ.

ಆ ಕತ್ತಲೆಯಲ್ಲಿಯೂ ಅವಳ ಆಯುಧವು ಅಕ್ಷರವೇ ಆಗಿತ್ತು. ಅವಳು ವೈದ್ಯನಿಗೆ ಕಾಗದಗಳನ್ನು ಬರೆದು, ಅವನ್ನು ಗುಟ್ಟಾಗಿ ಉತ್ತರಕ್ಕೆ ಕಳುಹಿಸಿ, ನ್ಯೂಯಾರ್ಕಿನ ಅಂಚೆಯ ಮುದ್ರೆಯೊಡನೆ ಅವನಿಗೆ ಮುಟ್ಟುವಂತೆ ಮಾಡಿದಳು. ಅವನು ಅವಳನ್ನು ದೂರದ ನಗರಗಳಲ್ಲಿ ಹುಡುಕುತ್ತಿದ್ದನು. ಅವಳು ಅವನ ಕಾಲ ಸಪ್ಪಳವನ್ನು ತಲೆಯ ಮೇಲಿನ ಅಟ್ಟದಿಂದ ಕೇಳುತ್ತಿದ್ದಳು.

1842 ರಲ್ಲಿ ಅವಳು ಹಡಗಿನಲ್ಲಿ ಉತ್ತರಕ್ಕೆ ತಪ್ಪಿಸಿಕೊಂಡು ಹೋದಳು. ನ್ಯೂಯಾರ್ಕಿನಲ್ಲಿ ಎನ್. ಪಿ. ವಿಲ್ಲಿಸ್ ಎಂಬ ಲೇಖಕನ ಮನೆಯಲ್ಲಿ ಕೂಸುಗಳ ದಾದಿಯಾದಳು. 1850 ರಲ್ಲಿ ಓಡಿಹೋದ ದಾಸರನ್ನು ಹಿಡಿದೊಪ್ಪಿಸುವ ಕಠಿಣ ಕಾಯಿದೆಯು ಬಂದುದರಿಂದ ಅಲ್ಲಿಯೂ ನಿರ್ಭಯವಿರಲಿಲ್ಲ. ಕಡೆಗೆ 1852 ರಲ್ಲಿ ವಿಲ್ಲಿಸನ ಹೆಂಡತಿಯು 300 ಡಾಲರು ಕೊಟ್ಟು ಅವಳನ್ನು ಬಿಡಿಸಿದಳು. ಇದರಿಂದ ಅವಳಿಗೆ ಸಂತೋಷವೂ ಆಯಿತು, ನೋವೂ ಆಯಿತು. ನ್ಯಾಯವಾಗಿ ತನ್ನದೇ ಆದುದನ್ನು ಹಣ ಕೊಟ್ಟು ಕೊಳ್ಳಬೇಕಾಯಿತಲ್ಲಾ ಎಂಬುದೇ ಆ ನೋವು.

ಅವಳ ಸ್ನೇಹಿತೆಯಾದ ಏಮಿ ಪೋಸ್ಟ್ ಎಂಬ ಸಾಧ್ವಿಯು, ನಿನ್ನ ಚರಿತ್ರೆಯನ್ನು ಲೋಕಕ್ಕೆ ಹೇಳು ಎಂದು ಪ್ರೇರಿಸಿದಳು. ಹ್ಯಾರಿಯೆಟ್ಟಳಿಗೆ ಬರೆಯುವ ಧೈರ್ಯವಿರಲಿಲ್ಲ. ಆ ಕಾಲದಲ್ಲಿ ‘ಟಾಮ್ ಕಾಕನ ಗುಡಿಸಲು’ ಎಂಬ ಕಾದಂಬರಿಯಿಂದ ಲೋಕಪ್ರಸಿದ್ಧಳಾದ ಹ್ಯಾರಿಯೆಟ್ ಬೀಚರ್ ಸ್ಟೋ ಎಂಬ ಬಿಳಿಯ ಲೇಖಕಿಗೆ ಈ ವೃತ್ತಾಂತವನ್ನು ತಿಳಿಸಲಾಯಿತು. ಆಕೆಯಾದರೋ ಅದು ನಿಜವೇ ಎಂದು ವಿಚಾರಿಸುವುದಕ್ಕಾಗಿ ಅದನ್ನು ದಾದಿಯ ಯಜಮಾನಿಗೆ ಕಳುಹಿಸಿಬಿಟ್ಟಳು; ನಿಜವಿದ್ದರೆ ತನ್ನ ಗ್ರಂಥದಲ್ಲಿಯೇ ಅದನ್ನು ಬಳಸಿಕೊಳ್ಳುವುದಾಗಿಯೂ ಹೇಳಿದಳು. ಯಜಮಾನಿಗೂ ತಿಳಿಯದಿದ್ದ ಮನದ ಗುಟ್ಟು ಹೀಗೆ ಬಯಲಾಯಿತು. ದಾಸ್ಯದ ವಿರುದ್ಧವಾಗಿ ಹೋರಾಡುತ್ತಿದ್ದ ಸಜ್ಜನರಿಗೂ ಅವಳ ಮಾತಿಗೆ ಬೇರೊಬ್ಬರ ಜಾಮೀನು ಬೇಕಾಯಿತು! ಆ ಗಾಯದಿಂದಲೇ ಅವಳ ಸಂಕಲ್ಪವು ಹುಟ್ಟಿತು: ತನ್ನ ಬಾಳನ್ನು ತಾನೇ ಬರೆಯುವೆನೆಂದು. ಹಗಲೆಲ್ಲ ಪರರ ಮಕ್ಕಳ ಆರೈಕೆ. ಮನೆಯವರೆಲ್ಲ ಮಲಗಿದ ಮೇಲೆ ಬರವಣಿಗೆ. ಅದೂ ಯಜಮಾನನಿಗೆ ತಿಳಿಯದಂತೆ. ಹೀಗೆ ಸುಮಾರು ಐದು ವರುಷಗಳಲ್ಲಿ ಗ್ರಂಥವು ಮುಗಿಯಿತು.

ಪ್ರಕಾಶಕರನ್ನು ಹುಡುಕಿಕೊಂಡು ಇಂಗ್ಲಂಡಿಗೆ ಹೋಗಿ ಬಂದಳು, ಫಲವಾಗಲಿಲ್ಲ. ಬೋಸ್ಟನ್ನಿನ ಪ್ರಕಾಶಕರು ಯಾರಾದರೂ ಪ್ರಸಿದ್ಧರು ಮುನ್ನುಡಿಯನ್ನು ಬರೆದರೆ ಮಾತ್ರ ಆಗಬಹುದೆಂದರು. ಲಿಡಿಯಾ ಮರಿಯಾ ಚೈಲ್ಡ್ ಎಂಬ ಲೇಖಕಿಯು ಮುನ್ನುಡಿಯನ್ನು ಬರೆದು, ಗ್ರಂಥವನ್ನು ಓರಣಗೊಳಿಸಿದಳು. ಅಷ್ಟರಲ್ಲಿ ಆ ಪ್ರಕಾಶಕರು ದಿವಾಳಿಯಾದರು. ಆಗ ಹ್ಯಾರಿಯೆಟ್ಟಳು ಅಚ್ಚಿನ ಫಲಕಗಳನ್ನು ತಾನೇ ಕೊಂಡು, 1861 ರ ಆರಂಭದಲ್ಲಿ ‘ದಾಸಿಯೊಬ್ಬಳ ಬಾಳಿನ ಘಟನೆಗಳು’ ಎಂಬರ್ಥದ ಹೆಸರಿನಿಂದ ಅದನ್ನು ಪ್ರಕಟಿಸಿದಳು. ಒಳಗೆ ಎಲ್ಲರ ಹೆಸರುಗಳೂ ಬದಲಾಗಿದ್ದವು. ತನ್ನನ್ನು ಲಿಂಡಾ ಬ್ರೆಂಟ್ ಎಂದು ಕರೆದುಕೊಂಡಿದ್ದಳು. ಮುಖಪತ್ರದ ಮೇಲೆ ಗ್ರಂಥಕರ್ತ್ರಿಯ ಹೆಸರಿಲ್ಲ. ಅದರ ಬದಲು, ತಾನೇ ಬರೆದುದು ಎಂಬ ಮಾತು ಮಾತ್ರವಿದೆ. ಎರಡೇ ಪದಗಳು, ಆದರೆ ಅವುಗಳ ಹಿಂದೆ ಅಟ್ಟದ ಏಳು ವರುಷಗಳೂ ದೀಪದ ಐದು ವರುಷಗಳೂ ಅಡಗಿವೆ.

ಅದೇ ವರುಷ ಅಂತರ್ಯುದ್ಧವು ಆರಂಭವಾಯಿತು. ಲೋಕವು ಗ್ರಂಥವನ್ನು ಮರೆಯಿತು. ಅವಳು ವರ್ಜೀನಿಯಾದ ಅಲೆಕ್ಸಾಂಡ್ರಿಯಾ ನಗರಕ್ಕೆ ಹೋಗಿ, ದಾಸ್ಯದಿಂದ ತಪ್ಪಿಸಿಕೊಂಡು ಬಂದ ನಿರಾಶ್ರಿತರ ಸೇವೆ ಮಾಡಿದಳು. ಮಗಳ ಸಂಗಡ 1864 ರಲ್ಲಿ ಅವರ ಮಕ್ಕಳಿಗಾಗಿ ಶಾಲೆಯನ್ನು ತೆರೆದಳು. 1897 ರಲ್ಲಿ ವಾಷಿಂಗ್ಟನ್ನಿನಲ್ಲಿ ತೀರಿಕೊಂಡಳು. ಆ ಮೇಲೆ ವಿದ್ವಾಂಸರು ಆ ಗ್ರಂಥವನ್ನು ನೋಡಿ, ಇದು ಕಾದಂಬರಿಯಂತಿದೆ. ಏಳು ವರುಷ ಅಟ್ಟದಲ್ಲಿದ್ದಳೆಂಬುದು ನಂಬತಕ್ಕ ಮಾತಲ್ಲ. ಮುನ್ನುಡಿಯನ್ನು ಬರೆದ ಬಿಳಿಯ ಲೇಖಕಿಯೇ ಇದನ್ನೂ ಬರೆದಿರಬೇಕು ಎಂದು ತೀರ್ಮಾನಿಸಿದರು. ನಂಬಿಕೆಗಾಗಿ ಕೇಳಿದ ಮುನ್ನುಡಿಯೇ ಅಪನಂಬಿಕೆಗೆ ಕಾರಣವಾಯಿತು. ಈ ತೀರ್ಪು 1970 ರ ದಶಕದವರೆಗೂ ನಡೆಯಿತು.

ಆಗ ಜೀನ್ ಫೇಗನ್ ಯೆಲಿನ್ ಎಂಬ ಬಿಳಿಯ ವಿದುಷಿಯೊಬ್ಬಳು ಈ ಗ್ರಂಥದ ಬೆನ್ನು ಹತ್ತಿದಳು. ರೋಚೆಸ್ಟರ್ ವಿಶ್ವವಿದ್ಯಾಲಯದಲ್ಲಿ ಏಮಿ ಪೋಸ್ಟಳ ಮನೆತನದ ಕಾಗದಪತ್ರಗಳಿದ್ದವು. ಅವುಗಳ ನಡುವೆ ಹ್ಯಾರಿಯೆಟ್ಟಳು ಸ್ವಹಸ್ತದಿಂದ ಬರೆದ ಪತ್ರಗಳಿದ್ದವು. ಗ್ರಂಥವನ್ನು ಬರೆಯುತ್ತಿರುವ ಕಷ್ಟವನ್ನು ಅವಳು ಗೆಳತಿಗೆ ತೋಡಿಕೊಂಡಿದ್ದಳು. ಗ್ರಂಥದಲ್ಲಿ ಬದಲಾದ ಒಂದೊಂದು ಹೆಸರಿನ ಹಿಂದೆಯೂ ಈಡನ್‌ಟನ್ನಿನ ಒಬ್ಬೊಬ್ಬ ನಿಜವಾದ ಮನುಷ್ಯನು ಕಾಣಿಸಿಕೊಂಡನು. ವೈದ್ಯನು ಹಾಕಿಸಿದ 100 ಡಾಲರಿನ ಪ್ರಕಟಣೆಯೂ ದೊರೆಯಿತು. ಅವಳನ್ನು ಹಿಡಿಯುವುದಕ್ಕಾಗಿ ಅಚ್ಚು ಹಾಕಿಸಿದ ಕಾಗದವೇ ಅವಳ ಮಾತು ನಿಜವೆಂಬುದಕ್ಕೆ ಸಾಕ್ಷಿಯಾಯಿತು. 1981 ರಲ್ಲಿ ಆ ವಿದುಷಿಯು ತನ್ನ ಶೋಧವನ್ನು ಲೇಖನವಾಗಿ ಪ್ರಕಟಿಸಿದಳು. 1987 ರಲ್ಲಿ ಹ್ಯಾರಿಯೆಟ್ ಜೇಕಬ್ಸಳ ನಿಜನಾಮದೊಡನೆ ಗ್ರಂಥದ ಪರಿಷ್ಕೃತ ಆವೃತ್ತಿಯು ಹೊರಬಂದಿತು. ತಾನೇ ಬರೆದುದೆಂಬ ಮಾತು ನಿಜವೆಂದು ಲೋಕವು ಒಪ್ಪಿಕೊಳ್ಳಲು 126 ವರುಷಗಳು ಬೇಕಾದವು.

ಇದೇ ಬಗೆಯ ಇನ್ನೊಂದು ಸಂಗತಿಯನ್ನು ಸಂಕ್ಷೇಪವಾಗಿ ಹೇಳಬಹುದು. 1859 ರಲ್ಲಿ ಹ್ಯಾರಿಯೆಟ್ ವಿಲ್ಸನ್ ಎಂಬ ಬಡ ಸ್ತ್ರೀಯು ಬೋಸ್ಟನ್ನಿನಲ್ಲಿ ಒಂದು ಕಾದಂಬರಿಯನ್ನು ಪ್ರಕಟಿಸಿದಳು. ಅದನ್ನು ಮಾರಿ ತನ್ನ ಮಗನನ್ನು ಸಾಕಬೇಕೆಂಬುದೇ ಅವಳ ಉದ್ದೇಶ. ಮಗನಾದರೋ 1860 ರಲ್ಲಿ ಏಳನೆಯ ವಯಸ್ಸಿನಲ್ಲಿ ಜ್ವರದಿಂದ ತೀರಿಹೋದನು, ಗ್ರಂಥವೂ ಮರೆಯಾಯಿತು. 1980 ರ ದಶಕದ ಆರಂಭದಲ್ಲಿ ಹೆನ್ರಿ ಲೂಯಿ ಗೇಟ್ಸ್ ಎಂಬ ಕಪ್ಪು ವಿದ್ವಾಂಸನು ಅದನ್ನು ಬೆಳಕಿಗೆ ತಂದಾಗ, ಗ್ರಂಥಕರ್ತ್ರಿಯು ಕಪ್ಪು ಜನಾಂಗದವಳೆಂದು ಸ್ಥಾಪಿಸುವುದಕ್ಕೆ ನೆರವಾದುದು ಆ ಮಗುವಿನ ಮರಣದ ದಾಖಲೆ. ಯಾವ ಮಗನನ್ನು ಉಳಿಸಿಕೊಳ್ಳಲು ತಾಯಿಯು ಬರೆದಳೋ, ಆ ಮಗನ ಮರಣವೇ ತಾಯಿಯ ಹೆಸರನ್ನು ಉಳಿಸಿತು.

ಇದುವರೆಗೆ ಹೇಳಿದುದು ಅಪನಂಬಿಕೆಯಿಂದ ಆದ ಅನ್ಯಾಯ. ಅತಿ ಪ್ರೀತಿಯಿಂದಲೂ ಅನ್ಯಾಯವಾಗುವುದುಂಟು, ಅದನ್ನೂ ವಿಚಾರಿಸಬೇಕು. ಸೋಜರ್ನರ್ ಟ್ರೂತ್ ಎಂಬ ವೀರವನಿತೆಯು ಸುಮಾರು 1797 ರಲ್ಲಿ ನ್ಯೂಯಾರ್ಕ್ ಸಂಸ್ಥಾನದಲ್ಲಿ ದಾಸಿಯಾಗಿ ಹುಟ್ಟಿದಳು. ಅವಳ ಬಾಲ್ಯದ ಭಾಷೆಯು ಡಚ್ ಭಾಷೆ. ಕಾಯಿದೆಗೆ ವಿರುದ್ಧವಾಗಿ ದಕ್ಷಿಣಕ್ಕೆ ಮಾರಲ್ಪಟ್ಟ ತನ್ನ ಮಗನನ್ನು ಅವಳು ನ್ಯಾಯಸ್ಥಾನದಲ್ಲಿ ಹೋರಾಡಿ 1828 ರಲ್ಲಿ ಬಿಡಿಸಿಕೊಂಡು ಬಂದಳು. ಅವಳಿಗೆ ಓದು ಬರಹ ಬರುತ್ತಿರಲಿಲ್ಲ. ತನ್ನ ಚರಿತ್ರೆಯನ್ನು ಬೇರೊಬ್ಬಳಿಗೆ ಹೇಳಿ ಬರೆಯಿಸಿ 1850 ರಲ್ಲಿ ಪ್ರಕಟಿಸಿದಳು. 1851 ರಲ್ಲಿ ಓಹಾಯೋ ಸಂಸ್ಥಾನದ ಆಕ್ರನ್ ನಗರದ ಸ್ತ್ರೀಯರ ಹಕ್ಕುಗಳ ಸಭೆಯಲ್ಲಿ ಅವಳು ಮಾಡಿದ ಭಾಷಣವು ಇಂದು ಲೋಕವಿಖ್ಯಾತವಾಗಿದೆ.

ಆದರೆ ಶಾಲೆಗಳಲ್ಲಿ ಮಕ್ಕಳು ಬಾಯಿಪಾಠ ಮಾಡುವ ರೂಪವು ಯಾವುದು? ಅದು ಸಭೆಯ ಅಧ್ಯಕ್ಷಳಾಗಿದ್ದ ಫ್ರಾನ್ಸಿಸ್ ಗೇಜ್ ಎಂಬುವಳು ಹನ್ನೆರಡು ವರುಷಗಳ ತರುವಾಯ, 1863 ರಲ್ಲಿ, ಬರೆದುದು. ಅದರಲ್ಲಿ ಡಚ್ ಮಾತಾಡಿ ಬೆಳೆದವಳ ಬಾಯಲ್ಲಿ ದಕ್ಷಿಣದ ದಾಸರ ಆಡುಮಾತನ್ನು ತುಂಬಲಾಗಿದೆ. ಐದು ಮಕ್ಕಳನ್ನು ಹೆತ್ತವಳ ಬಾಯಿಂದ ಹದಿಮೂರು ಮಕ್ಕಳನ್ನು ಹೆತ್ತೆನೆಂದು ಹೇಳಿಸಲಾಗಿದೆ. ಸಭೆ ನಡೆದ ಕೆಲವೇ ವಾರಗಳಲ್ಲಿ ಅಲ್ಲಿಯ ಪತ್ರಿಕೆಯೊಂದರಲ್ಲಿ ಅಚ್ಚಾದ ವರದಿಯಲ್ಲಿ, ಎಲ್ಲರೂ ಈಗ ಉದ್ಧರಿಸುವ ಆ ಪುನರುಕ್ತಿಯ ಪ್ರಶ್ನೆಯೇ ಇಲ್ಲ. ಈ ಭೇದವನ್ನು ತನ್ನ 1996 ರ ಚರಿತ್ರಗ್ರಂಥದಲ್ಲಿ ವಿಶದಪಡಿಸಿದವಳು ನೆಲ್ ಅರ್ವಿನ್ ಪೇಂಟರ್ ಎಂಬ ಕಪ್ಪು ಜನಾಂಗದ ಇತಿಹಾಸಜ್ಞೆ. ಇದನ್ನು ಹೇಳಿದುದಕ್ಕಾಗಿ ಕೆಲವರು ಅಸಮಾಧಾನಗೊಂಡರು. ತಮ್ಮ ಮನಸ್ಸಿನ ಮೂರ್ತಿಯು ಮುಕ್ಕಾಯಿತೆಂದು ನೊಂದುಕೊಂಡರು. ಆದರೆ ಆ ವಿದುಷಿಯ ನಿಷ್ಠೆಯು ಮೂರ್ತಿಗಿಂತಲೂ ಮನುಷ್ಯಳಿಗೆ ಸಲ್ಲುವಂತಹದು. ಪೂಜಿಸುವವರು ತಮಗೆ ಬೇಕಾದ ಮಾತನ್ನು ಪೂಜ್ಯಳ ಬಾಯಲ್ಲಿ ಇಟ್ಟರೆ, ಅವಳ ನಿಜವಾದ ಮಾತಿಗೆ ಸ್ಥಳವೆಲ್ಲಿ ಉಳಿಯುವುದು?

ಇನ್ನು ದಾಸ್ಯದಲ್ಲಿ ಹುಟ್ಟಿ ವಿದ್ವತ್ತಿನ ಶಿಖರವನ್ನು ಮುಟ್ಟಿದವಳು ಆನಾ ಜೂಲಿಯಾ ಕೂಪರ್. 1858 ರಲ್ಲಿ ಉತ್ತರ ಕ್ಯಾರೊಲೈನಾದ ರಾಲೆ ನಗರದಲ್ಲಿ ಒಬ್ಬ ದಾಸಿಯ ಮಗಳಾಗಿ ಹುಟ್ಟಿದಳು. ದಾಸ್ಯವು ಅಳಿದ ಮೇಲೆ ಶಾಲೆಗೆ ಸೇರಿದಳು. ಅಲ್ಲಿ ಗ್ರೀಕ್ ಭಾಷೆಯ ತರಗತಿಯು ಪುರುಷರಿಗಾಗಿ ಮಾತ್ರ ಏರ್ಪಟ್ಟಿತ್ತು. ಅವಳು ವಾದಿಸಿ ಪ್ರವೇಶವನ್ನು ಪಡೆದಳು. ಇಪ್ಪತ್ತೊಂದನೆಯ ವಯಸ್ಸಿನಲ್ಲಿ ವಿಧವೆಯಾದಳು. ಓಬರ್ಲಿನ್ ಕಾಲೇಜಿನಲ್ಲಿ 1884 ರಲ್ಲಿ ಬಿ. ಎ. ಪದವಿಯನ್ನೂ 1887 ರಲ್ಲಿ ಎಂ. ಎ. ಪದವಿಯನ್ನೂ ಗಳಿಸಿದಳು. 1892 ರಲ್ಲಿ ‘ದಕ್ಷಿಣದಿಂದ ಒಂದು ದನಿ’ ಎಂಬರ್ಥದ ಗ್ರಂಥವನ್ನು ಬರೆದು, ಕಪ್ಪು ಜನಾಂಗದ ಕುರಿತು ಪುರುಷರೂ, ಸ್ತ್ರೀಯರ ಕುರಿತು ಬಿಳಿಯ ಸ್ತ್ರೀಯರೂ ಮಾತಾಡುತ್ತಿರುವರು. ಕಪ್ಪು ಸ್ತ್ರೀಯು ಮಾತ್ರ ಸಾಕ್ಷಿಯ ಕಟ್ಟೆಗೆ ಬಂದಿಲ್ಲ ಎಂಬ ಅಭಿಪ್ರಾಯವನ್ನು ಮುಂದಿಟ್ಟಳು. ಹಿಂದೆ ಇತರರ ಸಾಕ್ಷಿ ಬೇಕಾದವಳೇ ಈಗ ಸಾಕ್ಷಿಯಾಗಿ ನಿಂತಳು.

ವಾಷಿಂಗ್ಟನ್ನಿನ ಪ್ರೌಢಶಾಲೆಯಲ್ಲಿ ಅವಳು ಅಧ್ಯಾಪಕಿಯೂ ಮುಖ್ಯಾಧ್ಯಾಪಕಿಯೂ ಆಗಿದ್ದಳು. ಡಾಕ್ಟರ್ ಪದವಿಗಾಗಿ ಮೊದಲು ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಅಭ್ಯಾಸ ಮಾಡಿದಳು. ಆದರೆ ತಾಯಿಯಿಲ್ಲದ ಐದು ಮಂದಿ ಬಂಧುಗಳ ಮಕ್ಕಳನ್ನು 1915 ರಲ್ಲಿ ಮನೆಗೆ ತಂದುಕೊಂಡುದರಿಂದ ಅಲ್ಲಿ ಹೋಗಿ ನೆಲಸುವುದು ಅಸಾಧ್ಯವಾಯಿತು. ವಯಸ್ಸು ಐವತ್ತೇಳರ ಹತ್ತಿರ, ಮಡಿಲಲ್ಲಿ ಐದು ಮಕ್ಕಳು, ಕೆಲಸದ ಭಾರ. ಇನ್ನೊಬ್ಬರಾಗಿದ್ದರೆ ಗ್ರಂಥವನ್ನು ಕಟ್ಟಿಡುತ್ತಿದ್ದರು. ಅವಳು ಕಟ್ಟಿಡಲಿಲ್ಲ. ಫ್ರೆಂಚ್ ಕ್ರಾಂತಿಯ ಕಾಲದಲ್ಲಿ ದಾಸ್ಯದ ವಿಷಯವಾಗಿ ಫ್ರಾನ್ಸ್ ದೇಶದವರ ಧೋರಣೆಯು ಹೇಗಿದ್ದಿತೆಂಬುದನ್ನು ಕುರಿತು ಫ್ರೆಂಚ್ ಭಾಷೆಯಲ್ಲಿಯೇ ಪ್ರಬಂಧವನ್ನು ರಚಿಸಿ, ಪ್ಯಾರಿಸ್ ನಗರದ ಸೊರ್ಬಾನ್ ವಿದ್ಯಾಪೀಠದಲ್ಲಿ 1925 ರಲ್ಲಿ ಅದನ್ನು ಸಮರ್ಥಿಸಿ ಡಾಕ್ಟರ್ ಪದವಿಯನ್ನು ಪಡೆದಳು. ಆಗ ಅವಳ ವಯಸ್ಸು ಅರವತ್ತಾರು. ದಾಸಿಯ ಮಗಳು ದಾಸ್ಯದ ಇತಿಹಾಸಕ್ಕೆ ಪಂಡಿತಳಾದಳು. 1964 ರಲ್ಲಿ ನೂರೈದನೆಯ ವಯಸ್ಸಿನಲ್ಲಿ ಅವಳು ದೇಹವನ್ನಿಳಿಸಿದಳು.

ಆದರೆ ವಿದ್ಯೆಯೂ ಕೀರ್ತಿಯೂ ಬಂದ ಮಾತ್ರಕ್ಕೆ ಸ್ಮೃತಿಯು ಸ್ಥಿರವಾಗುವುದಿಲ್ಲ. ಜೋರಾ ನೀಲ್ ಹರ್ಸ್ಟನ್ನಳ ಬಾಳು ಇದಕ್ಕೆ ದೃಷ್ಟಾಂತ. 1891 ರಲ್ಲಿ ಹುಟ್ಟಿದ ಈಕೆಯು ಬರ್ನಾರ್ಡ್ ಕಾಲೇಜಿನಲ್ಲಿ ಓದಿ, ಫ್ರಾಂಜ್ ಬೋವಾಸ್ ಎಂಬ ಮಾನವಶಾಸ್ತ್ರಜ್ಞನಲ್ಲಿ ಶಿಷ್ಯವೃತ್ತಿ ಮಾಡಿ, ದಕ್ಷಿಣದ ಹಳ್ಳಿಗಳಲ್ಲಿ ತಿರುಗಿ ತನ್ನ ಜನರ ಕಥೆ, ಗಾದೆ, ಹಾಡುಗಳನ್ನು ಸಂಗ್ರಹಿಸಿದಳು. 1935 ರಲ್ಲಿ ಜನಪದ ಸಂಗ್ರಹವನ್ನೂ 1937 ರಲ್ಲಿ ತನ್ನ ಅತ್ಯುತ್ತಮ ಕಾದಂಬರಿಯನ್ನೂ ಪ್ರಕಟಿಸಿದಳು. ಆಫ್ರಿಕಾದಿಂದ ಕಡೆಯ ದಾಸರ ಹಡಗುಗಳಲ್ಲೊಂದರಲ್ಲಿ ಬಂದ ಕಜೋ ಲೂಯಿಸ್ ಎಂಬ ಮುದುಕನ ಬಾಯಿಂದಲೇ ಕೇಳಿ ಅವಳು ಬರೆದುಕೊಂಡ ಚರಿತ್ರೆಯು ಹಸ್ತಪ್ರತಿಯಾಗಿಯೇ ಉಳಿಯಿತು. ಮುದುಕನ ಮಾತನ್ನು ಅವನ ಆಡುನುಡಿಯಲ್ಲಿಯೇ ಇಟ್ಟಿದ್ದುದು ಪ್ರಕಾಶಕರಿಗೆ ಒಪ್ಪಿಗೆಯಾಗಲಿಲ್ಲ, ಅವಳು ಬದಲಿಸಲಿಲ್ಲ. ಅದು ಅಚ್ಚಾದುದು 2018 ರಲ್ಲಿ.

1960 ರಲ್ಲಿ ಫ್ಲೋರಿಡಾದ ಫೋರ್ಟ್ ಪಿಯರ್ಸ್ ಎಂಬಲ್ಲಿ, ನಿರ್ಗತಿಕರ ಆಶ್ರಯಗೃಹದಲ್ಲಿ ಅವಳು ತೀರಿಕೊಂಡಳು. ಸಮಾಧಿಗೆ ಒಂದು ಕಲ್ಲೂ ಇರಲಿಲ್ಲ. ಅವಳ ಕಾಗದಪತ್ರಗಳನ್ನು ಕಸವೆಂದು ಬೆಂಕಿಗೆ ಹಾಕಿದ್ದರು. ಆ ದಾರಿಯಲ್ಲಿ ಬಂದ ಪರಿಚಿತನೊಬ್ಬನು ನೀರು ಹೊಯ್ದು ಉರಿಯನ್ನು ನಂದಿಸಿ, ಉಳಿದುದನ್ನು ಎತ್ತಿಟ್ಟನು. ಅಂಚು ಸುಟ್ಟ ಆ ಪತ್ರಗಳು ಫ್ಲೋರಿಡಾ ವಿಶ್ವವಿದ್ಯಾಲಯದಲ್ಲಿ ಸುರಕ್ಷಿತವಾಗಿವೆ. 1973 ರಲ್ಲಿ ಆಲಿಸ್ ವಾಕರ್ ಎಂಬ ಕಪ್ಪು ಜನಾಂಗದ ತರುಣ ಲೇಖಕಿಯು ಅವಳ ಸೊಸೆಯೆಂದು ಹೇಳಿಕೊಂಡು ಆ ಊರಿಗೆ ಹೋಗಿ, ಎತ್ತರದ ಹುಲ್ಲು ಬೆಳೆದ ಸ್ಮಶಾನದಲ್ಲಿ ಹುಡುಕಾಡಿ, ಸಮಾಧಿಯಿದ್ದಿರಬಹುದಾದ ಸ್ಥಳದಲ್ಲಿ ಕಲ್ಲನ್ನು ನಿಲ್ಲಿಸಿದಳು; 1975 ರಲ್ಲಿ ಆ ಪಯಣವನ್ನು ಕುರಿತು ಲೇಖನವನ್ನು ಬರೆದಳು. ಆ ತರುವಾಯ ಜೋರಾಳ ಗ್ರಂಥಗಳು ಮತ್ತೆ ಅಚ್ಚಾಗಿ ಮನೆಮಾತಾದವು. ರಕ್ತಸಂಬಂಧವಿಲ್ಲದಿದ್ದರೂ ಅಕ್ಷರಸಂಬಂಧದಿಂದ ಅವಳು ಸೊಸೆಯೇ ಆದಳೆನ್ನಬೇಕು.

ಕಪ್ಪು ಜನಾಂಗದ ವಿದುಷಿಯರು ಈ ಕೆಲಸವನ್ನು ಒಂದು ಶಾಸ್ತ್ರವನ್ನಾಗಿಯೇ ಕಟ್ಟಿದರು. 1979 ರಲ್ಲಿ ಕಪ್ಪು ಇತಿಹಾಸಜ್ಞೆಯರ ಸಂಘವು ಸ್ಥಾಪಿತವಾಯಿತು. 1988 ರಲ್ಲಿ ಹತ್ತೊಂಬತ್ತನೆಯ ಶತಮಾನದ ಕಪ್ಪು ಲೇಖಕಿಯರ ಬರಹಗಳು ಮೂವತ್ತು ಸಂಪುಟಗಳಲ್ಲಿ ಒಟ್ಟಿಗೆ ಹೊರಬಂದವು. 1993 ರಲ್ಲಿ ಟೋನಿ ಮಾರಿಸನ್ನಳಿಗೆ ಸಾಹಿತ್ಯದ ನೋಬೆಲ್ ಪಾರಿತೋಷಕವು ಸಂದಿತು. ಫಿಲಿಸ್ಸಳಿಗೆ ಹದಿನೆಂಟು ಮಂದಿಯ ರುಜು ಬೇಕಾಗಿದ್ದ ದೇಶದಲ್ಲಿ ಇಂತಹ ದಿನವೂ ಬಂದಿತು.

ಆದರೆ ಈ ಶಾಸ್ತ್ರವು ವಿಶ್ವವಿದ್ಯಾಲಯಗಳಲ್ಲಿಯೇ ಹುಟ್ಟಿದುದಲ್ಲ. 1980 ರಲ್ಲಿ ಡಾರ್ಲೀನ್ ಕ್ಲಾರ್ಕ್ ಹೈನ್ ಎಂಬ ಕಪ್ಪು ಇತಿಹಾಸಜ್ಞೆಗೆ ಇಂಡಿಯಾನಾ ಸಂಸ್ಥಾನದ ಒಬ್ಬ ಶಾಲಾ ಶಿಕ್ಷಕಿಯು, ಇಲ್ಲಿಯ ಕಪ್ಪು ಸ್ತ್ರೀಯರ ಚರಿತ್ರೆಯನ್ನು ನೀವು ಬರೆಯಬೇಕೆಂದು ಕೇಳಿಕೊಂಡಳು. ವಿದುಷಿಯು ಮೊದಲು ಒಪ್ಪಲಿಲ್ಲ. ಆದರೆ ಆ ಊರುಗಳ ಸ್ತ್ರೀಯರು ತಮ್ಮ ಪೆಟ್ಟಿಗೆಗಳಲ್ಲಿ ಜೋಪಾನ ಮಾಡಿದ್ದ ಸಂಘಗಳ ನಡವಳಿ ಪುಸ್ತಕ, ಪತ್ರ, ಚಿತ್ರಪಟಗಳನ್ನು ಕೂಡಿಸಿ ತಂದು ಮುಂದಿಟ್ಟಾಗ ಅವಳ ಕಣ್ಣು ತೆರೆಯಿತು. 1981 ರಲ್ಲಿ ಗ್ರಂಥವು ಸಿದ್ಧವಾಯಿತು. ಅದೇ ವಿದುಷಿಯು 1989 ರಲ್ಲಿ ಇನ್ನೊಂದು ಮಾತನ್ನು ಎತ್ತಿ ತೋರಿಸಿದಳು: ಅವಮಾನವನ್ನು ಉಂಡ ಸ್ತ್ರೀಯರು ಎಲ್ಲವನ್ನೂ ಹೇಳಿದಂತೆ ತೋರಿಸಿ, ಒಳಗಿನದನ್ನು ಬಚ್ಚಿಟ್ಟುಕೊಂಡೇ ಬಾಳಿದರು, ಆ ಮೌನವೇ ಅವರ ಕವಚವಾಗಿತ್ತು. ಆದುದರಿಂದ ವಿದ್ವತ್ತು ಮಾತನ್ನು ಹುಡುಕುವುದರ ಸಂಗಡ ಮೌನವನ್ನು ಗೌರವಿಸುವುದನ್ನೂ ಕಲಿಯಬೇಕಾಯಿತು.

ಈ ಚರಿತ್ರೆಗಳಿಂದ ಗ್ರಹಿಸತಕ್ಕುದೇನು? ಒಬ್ಬರ ಬಾಳಿಗೆ ಸಲ್ಲಿಸತಕ್ಕ ಮೊದಲನೆಯ ಗೌರವವು ಅವರ ಮಾತನ್ನು ಅವರದೆಂದು ಒಪ್ಪುವುದು. ಸಂಶಯದಿಂದ ಅದನ್ನು ಕಿತ್ತುಕೊಳ್ಳುವುದೂ, ಭಕ್ತಿಯ ಭರದಲ್ಲಿ ಅದಕ್ಕೆ ತನ್ನ ಮಾತನ್ನು ಬೆರೆಸುವುದೂ ಎರಡೂ ದೋಷವೇ. ಸತ್ಯವನ್ನು ಉಳಿಸಿದುದು ಯಾವುದೆಂದು ನೋಡಿದರೆ, ಮಹಾಗ್ರಂಥಾಲಯಗಳಿಗಿಂತಲೂ ಮೊದಲು, ಗೆಳತಿಯ ಪತ್ರಗಳನ್ನು ಎಸೆಯದೆ ಇಟ್ಟ ಏಮಿ ಪೋಸ್ಟಳ ಮನೆತನದವರು, ಉರಿಗೆ ನೀರು ಹೊಯ್ದ ದಾರಿಹೋಕನು, ಪೆಟ್ಟಿಗೆಯಲ್ಲಿ ನಡವಳಿ ಪುಸ್ತಕವನ್ನು ಕಾಪಾಡಿದ ಹೆಸರಿಲ್ಲದ ತಾಯಂದಿರು. ಸ್ಮರಣೆಯ ಕಾರ್ಯವೆಂದರೆ ಇದೇ. ಸಂಸ್ಮರಣ ಗ್ರಂಥಗಳನ್ನು ಹೊರಡಿಸುವ ಜನರು ಇದನ್ನು ವಿಶೇಷವಾಗಿ ನೆನಪಿನಲ್ಲಿಡತಕ್ಕದ್ದು. ಮನೆಯ ಮುದುಕಿಯು ಹೇಳಿದುದನ್ನು ಬರೆದುಕೊಳ್ಳುವಾಗ ಅವಳ ಹೆಸರನ್ನೂ ಬರೆದಿಡಲಿ. ಅವಳ ಮಾತನ್ನು ತಿದ್ದಿ ಚೆಂದ ಮಾಡದಿರಲಿ. ಅವಳು ಹೇಳದೆ ಬಿಟ್ಟುದನ್ನು ಕೆದಕದಿರಲಿ.

ಮೂರಡಿ ಎತ್ತರದ ಅಟ್ಟದಲ್ಲಿ ಕುಳಿತ ತಾಯಿಯು ರಂಧ್ರದಿಂದ ಲೋಕವನ್ನು ನೋಡುತ್ತಿದ್ದಳು. ಲೋಕಕ್ಕೆ ಅವಳು ಕಾಣಿಸುತ್ತಿರಲಿಲ್ಲ. ಇಂದು ಅವಳ ಗ್ರಂಥವು ಅವಳ ಹೆಸರಿನಿಂದಲೇ ಓದಲ್ಪಡುತ್ತಿದೆ. ಅಂತಹ ಅಟ್ಟಗಳು ಎಲ್ಲಿ ಎಲ್ಲಿ ಇನ್ನೂ ಇವೆಯೋ, ಅಲ್ಲಿಯ ದನಿಗಳಿಗೆ ಕಿವಿಗೊಡುವ ಬುದ್ಧಿಯು ಎಲ್ಲರಿಗೂ ಉಂಟಾಗಲಿ.